ಮಳಖೇಡದ ದೊರೆಗೆ 9 ಲಕ್ಷ ಸೈನ್ಯವಿತ್ತೇ? ಪಕ್ಕದ ಹೊಲದ ರೈತನನ್ನು ಯಾರೂ ಮುಟ್ಟುತ್ತಿರಲಿಲ್ಲವೇ?

ಸೇಡಂ, ಚಿತ್ತಾಪುರ, ಕಾಳಗಿ ಕಡೆಯ ಯಾವುದಾದರೂ ವಾಟ್ಸ್‌ಆ್ಯಪ್ ಗುಂಪಿನಲ್ಲಿ ನೀವಿದ್ದರೆ ಈ ಬಗೆಯ ಸಂದೇಶ ನಿಮಗೂ ಬಂದಿರಬಹುದು. ಮೇಲೊಂದು ಹಳೆಯ ಕೋಟೆಯ ಚಿತ್ರ, ಪಕ್ಕದಲ್ಲಿ ಉದ್ದನೆಯ ತೋಪು. ಕೆಳಗಿನ ಬರಹದ ರೂಪ ಬದಲಾಗುತ್ತಿರುತ್ತದೆ, ತಿರುಳು ಮಾತ್ರ ಒಂದೇ. ನಮ್ಮ ಮಳಖೇಡದ ರಾಷ್ಟ್ರಕೂಟರ ಬಳಿ 9 ಲಕ್ಷ ಸೈನಿಕರಿದ್ದರು. ಯುದ್ಧ ಸೂರ್ಯೋದಯಕ್ಕೆ ಶುರುವಾಗಿ ಸೂರ್ಯಾಸ್ತಕ್ಕೆ ನಿಲ್ಲುತ್ತಿತ್ತು. ಪಕ್ಕದ ಹೊಲದಲ್ಲಿ ರೈತ ನೇಗಿಲು ಹೂಡಿದ್ದರೂ ಯಾರೂ ಅವನ ತಂಟೆಗೆ ಹೋಗುತ್ತಿರಲಿಲ್ಲ. ಊರು ಸುಡುವುದು, ಹೆಣ್ಣುಮಕ್ಕಳ ಮೇಲೆ ಕೈ ಹಾಕುವುದು ಎಲ್ಲ ಶುರುವಾದದ್ದು ಹೊರಗಿನವರು ಬಂದ ಮೇಲೆ. ‘ನಿಜವಾದ ಕನ್ನಡಿಗನಾದರೆ ಹತ್ತು ಜನಕ್ಕೆ ಕಳಿಸಿ.’

ಮೊದಲ ಮೂರು ಮಾತು ಹೆಮ್ಮೆಗೆ, ಕೊನೆಯದು ಕೆಲಸಕ್ಕೆ. ಆ ಕೊನೆಯ ಸಾಲಿಗಾಗಿಯೇ ಇಂಥ ಸಂದೇಶಗಳು ಓಡಾಡುತ್ತವೆ ಎಂಬುದು ನಮ್ಮ ಅನಿಸಿಕೆ. ಆದ್ದರಿಂದ ಒಂದೊಂದನ್ನೇ ತೆಗೆದುಕೊಂಡು, ಆ ಕಾಲದ ಶಾಸನ ಮತ್ತು ಬರಹಗಳು ಏನು ಹೇಳುತ್ತವೆ ಎಂದು ನೋಡೋಣ. ಇದಕ್ಕೆ ಕಲಬುರಗಿ ಜಿಲ್ಲೆಗಿಂತ ಒಳ್ಳೆಯ ಜಾಗ ಸಿಗುವುದು ಕಷ್ಟ. ಕಾಗಿಣಾ ದಂಡೆಯ ಮಳಖೇಡ, ಅಂದರೆ ಮಾನ್ಯಖೇಟ, ರಾಷ್ಟ್ರಕೂಟರ ರಾಜಧಾನಿ. ಅಲ್ಲಿಂದ ಸುಮಾರು 40 ಕಿ.ಮೀ. ದೂರದ ಕಲಬುರಗಿ ಬಹಮನಿಗಳ ಮೊದಲ ರಾಜಧಾನಿ. ಚಿಂಚೋಳಿಯಿಂದ ಇನ್ನಷ್ಟು ಮೇಲೆ ಹೋದರೆ ಬಸವಕಲ್ಯಾಣ, ಅದು ಚಾಲುಕ್ಯರದು. ಒಂದೇ ಸೀಮೆಯಲ್ಲಿ ಮೂರು ದೊಡ್ಡ ಯುದ್ಧಯಂತ್ರಗಳು ನಡೆದಿವೆ.

ಮೊದಲು ಆ ತೋಪು

ಇದು ಸುಲಭ, ಬೇಗ ಮುಗಿಸೋಣ. ಚಿತ್ರದಲ್ಲಿ ಕಾಣುವುದು ಸಾಮಾನ್ಯವಾಗಿ ಕಲಬುರಗಿ ಕೋಟೆಯೊಳಗಿನ ಸುಮಾರು 29 ಅಡಿ ಉದ್ದದ ತೋಪು. ರಾಷ್ಟ್ರಕೂಟರ ಆಳ್ವಿಕೆ ಮುಗಿದದ್ದು 10ನೇ ಶತಮಾನದಲ್ಲಿ. ಆಗ ಇಡೀ ಭಾರತದಲ್ಲಿ ಎಲ್ಲಿಯೂ ತೋಪು ಇರಲಿಲ್ಲ. ದಖ್ಖನ್ನಿನಲ್ಲಿ ಮದ್ದುಗುಂಡು ನಿಜವಾಗಿ ಬಲ ತೋರಿಸಿದ್ದು 15 ಮತ್ತು 16ನೇ ಶತಮಾನಗಳಲ್ಲಿ. 1472ರಲ್ಲಿ ಬಹಮನಿ ಮಂತ್ರಿ ಮಹಮೂದ್ ಗವಾನ್ ಬೆಳಗಾವಿ ಕೋಟೆಯನ್ನು ಮುತ್ತಿದಾಗ ಗೋಡೆಯ ಬುಡದಲ್ಲಿ ಸುರಂಗ ತೋಡಿ ಮದ್ದು ತುಂಬಿ ಸಿಡಿಸಿದ ಎಂದು ಚರಿತ್ರೆಕಾರರು ಬರೆದಿದ್ದಾರೆ. ಮಳಖೇಡದ ದೊರೆಯ ಪಕ್ಕ ತೋಪು ನಿಲ್ಲಿಸುವುದು, ಟಿಪ್ಪು ಸುಲ್ತಾನನ ಕೈಗೆ ಸ್ಮಾರ್ಟ್‌ಫೋನ್ ಕೊಟ್ಟಂತೆ.

9 ಲಕ್ಷ ಎಂಬ ಸಂಖ್ಯೆ ಎಲ್ಲಿಂದ ಬಂತು

ಈ ಸಂಖ್ಯೆ ಪೂರ್ತಿ ಕಟ್ಟುಕಥೆಯಲ್ಲ, ಹಳೆಯ ದಾಖಲೆಗಳಲ್ಲಿ ಇದೆ. ಆದರೆ ಮಳಖೇಡದ ಲೆಕ್ಕದಲ್ಲಿ ಅಲ್ಲ. 10ನೇ ಶತಮಾನದ ಅರಬ್ ಲೇಖಕ ಅಲ್ ಮಸೂದಿ ಉತ್ತರದ ಕನೌಜಿನ ದೊರೆಯ ಬಗ್ಗೆ ಬರೆಯುತ್ತ, ಅವನಿಗೆ ನಾಲ್ಕು ದಿಕ್ಕಿಗೆ ನಾಲ್ಕು ಸೈನ್ಯಗಳಿವೆ, ಒಂದೊಂದರಲ್ಲಿ 7 ಲಕ್ಷ ಅಥವಾ 9 ಲಕ್ಷ ಜನ ಎನ್ನುತ್ತಾನೆ. ಅದರಲ್ಲಿ ದಕ್ಷಿಣದ ಸೈನ್ಯ ‘ಮಾನ್‌ಕೀರ್’ ಊರಿನ ‘ಬಲ್ಹರ’ನ ಮೇಲೆ ಕಾದುತ್ತದೆ ಎಂದೂ ಹೇಳುತ್ತಾನೆ. ಮಾನ್‌ಕೀರ್ ಅಂದರೆ ನಮ್ಮ ಮಳಖೇಡ, ಬಲ್ಹರ ಅಂದರೆ ರಾಷ್ಟ್ರಕೂಟರ ‘ವಲ್ಲಭ’ ಎಂಬ ಬಿರುದು. ಅಂದರೆ ಸಂದೇಶ ಬರೆದವರು ಶತ್ರುವಿನ ಸೈನ್ಯವನ್ನು ನಮ್ಮ ಖಾತೆಗೆ ಜಮಾ ಮಾಡಿದ್ದಾರೆ! ಮಳಖೇಡದ ಬಗ್ಗೆ ಮಸೂದಿ ಹೇಳುವುದು ಬೇರೆ: ಲೆಕ್ಕವಿಲ್ಲದಷ್ಟು ಸೈನಿಕರು, ಆನೆಗಳು ಇವೆ, ಆದರೆ ಹೆಚ್ಚಿನವರು ಕಾಲಾಳುಗಳು.

ಇನ್ನೊಂದು 9 ಲಕ್ಷ ಹಾವೇರಿ ಜಿಲ್ಲೆಯ ಹೊಟ್ಟೂರಿನ 1007ರ ಶಾಸನದಲ್ಲಿದೆ. ಅದೂ ಶತ್ರುವಿನದೇ. ಚೋಳರು 9 ಲಕ್ಷ ಸೈನ್ಯದೊಂದಿಗೆ ಬಂದರು ಎಂದು ಚಾಲುಕ್ಯರ ಕಡೆಯವರು ಕಲ್ಲಿನಲ್ಲಿ ಕೆತ್ತಿಸಿದ್ದಾರೆ. ಇದು ಗಮನಿಸಬೇಕಾದ ವಿಷಯ. ಶತ್ರುವಿನ ಸೈನ್ಯ ದೊಡ್ಡದಾದಷ್ಟೂ ಅವನನ್ನು ಗೆದ್ದವನ ಗೌರವ ಹೆಚ್ಚು, ಸೋತವನ ಅವಮಾನ ಕಡಿಮೆ. ಹಳೆಯ ಕಾಲದಲ್ಲಿ 9 ಲಕ್ಷ ಎಂದರೆ ‘ಎಣಿಸಲಾಗದಷ್ಟು’ ಎಂದು ಹೇಳುವ ಒಂದು ರೀತಿ. ನಾವು ಇಂದಿಗೂ ‘ಜಾತ್ರೆಗೆ ಲಕ್ಷಗಟ್ಟಲೆ ಜನ ಸೇರಿದ್ದರು’ ಎನ್ನುವಾಗ ಯಾರೂ ತಲೆ ಎಣಿಸಿರುವುದಿಲ್ಲ.

ಈಗ ಸ್ವಲ್ಪ ಲೆಕ್ಕ ಹಾಕೋಣ. ಒಬ್ಬ ಸೈನಿಕನಿಗೆ ದಿನಕ್ಕೆ ಮುಕ್ಕಾಲು ಕಿಲೋ ಧಾನ್ಯ ಎಂದು ಇಟ್ಟುಕೊಳ್ಳಿ. 9 ಲಕ್ಷ ಜನರಿಗೆ ದಿನಕ್ಕೆ 675 ಟನ್ ಆಯಿತು. ವಾಡಿ ಜಂಕ್ಷನ್‌ನಲ್ಲಿ ನಿಲ್ಲುವ ಗೂಡ್ಸ್ ಗಾಡಿಯ ಒಂದು ವ್ಯಾಗನ್‌ಗೆ ಸುಮಾರು 60 ಟನ್ ಎಂದರೆ, ದಿನಕ್ಕೆ 11 ವ್ಯಾಗನ್ ತುಂಬ ಜೋಳ. ಆಗ ರೈಲು ಇರಲಿಲ್ಲ, ಹೇರೆತ್ತು ಇದ್ದವು. ಒಂದು ಎತ್ತಿಗೆ 100 ಕಿಲೋ ಹೇರಿದರೂ ಒಂದೇ ದಿನದ ಊಟಕ್ಕೆ 6,750 ಎತ್ತು ಬೇಕು. ಹತ್ತು ದಿನದ್ದಕ್ಕೆ 67,500. ಆ ಎತ್ತುಗಳಿಗೆ ಮೇವು, ಕುದುರೆಗೆ ಕಾಳು, ಆನೆಗೆ ನೀರು ಈ ಲೆಕ್ಕದಲ್ಲಿ ಸೇರಿಲ್ಲ.

ನಡಿಗೆಯನ್ನೂ ನೋಡಿ. ನಾಲ್ಕು ಜನರ ಸಾಲು, ಸಾಲಿಗೂ ಸಾಲಿಗೂ ಬರೀ ಒಂದು ಮೀಟರ್ ಅಂತರ ಇಟ್ಟರೆ 9 ಲಕ್ಷ ಜನರ ಮೆರವಣಿಗೆ 225 ಕಿ.ಮೀ. ಉದ್ದವಾಗುತ್ತದೆ. ಮುಂದಿನವನು ಹೈದರಾಬಾದ್ ಮುಟ್ಟಿದರೂ ಕೊನೆಯವನು ಮಳಖೇಡದಲ್ಲಿ ಇನ್ನೂ ಚಪ್ಪಲಿ ಹಾಕಿಕೊಳ್ಳುತ್ತಿರುತ್ತಾನೆ. 2011ರ ಜನಗಣತಿಯಲ್ಲಿ ಕಲಬುರಗಿ ನಗರದ ಒಟ್ಟು ಜನಸಂಖ್ಯೆಯೇ ಐದು ಲಕ್ಷದ ಮೇಲೆ ಚೂರು. ಕಾಗಿಣಾ ನದಿಯ ನೀರು, ಅದರಲ್ಲೂ ಬೇಸಿಗೆಯ ನೀರು, ಎಷ್ಟು ಜನಕ್ಕೆ ಸಾಲುತ್ತದೆ ಎಂಬುದು ನಿಮಗೇ ಚೆನ್ನಾಗಿ ಗೊತ್ತು.

ಯುರೋಪಿನ ಮಧ್ಯಕಾಲದ ಕಥೆಯೂ ಇದೇ. ಅಲ್ಲಿನ ಸನ್ಯಾಸಿಗಳು ಬರೆದಿಟ್ಟ ಚರಿತ್ರೆಗಳಲ್ಲಿ ಸೈನ್ಯಗಳು ಲಕ್ಷದ ಲೆಕ್ಕದಲ್ಲಿ ಬರುತ್ತವೆ. ಆದರೆ 1066ರಲ್ಲಿ ಇಂಗ್ಲೆಂಡಿನ ಹಣೆಬರಹವನ್ನೇ ಬದಲಿಸಿದ ಹೇಸ್ಟಿಂಗ್ಸ್ ಕದನದಲ್ಲಿ ಒಂದೊಂದು ಕಡೆ ಏಳೆಂಟು ಸಾವಿರ ಜನರಷ್ಟೇ ಇದ್ದಿರಬೇಕು ಎಂಬುದು ಈಗಿನ ಇತಿಹಾಸಕಾರರ ಅಂದಾಜು. ದೊಡ್ಡ ಸೈನ್ಯ ಕಟ್ಟುವುದಕ್ಕಿಂತ ಅದಕ್ಕೆ ಉಣ್ಣಿಸುವುದು ಕಷ್ಟ, ಎಲ್ಲ ಕಡೆಯೂ.

ಹಾಗಾದರೆ ಸೈನ್ಯ ಸೇರುತ್ತಿದ್ದುದು ಹೇಗೆ

ಇಂದಿನ ಹಾಗೆ ಭರ್ತಿ ರ‍್ಯಾಲಿ, ಸಮವಸ್ತ್ರ, ತಿಂಗಳ ಸಂಬಳ, ಪಿಂಚಣಿ ಇರುವ ಒಂದೇ ಸೇನೆ ಎಂದು ಊಹಿಸಿಕೊಂಡರೆ ದಾರಿ ತಪ್ಪುತ್ತೇವೆ. ರಾಜನ ಸ್ವಂತ ಪಡೆ ಒಂದು ಭಾಗ ಮಾತ್ರ. 851ರ ಹೊತ್ತಿಗೆ, ಅಂದರೆ ಅಮೋಘವರ್ಷ ನೃಪತುಂಗನ ಕಾಲದಲ್ಲಿ, ಅರಬ್ ವ್ಯಾಪಾರಿ ಸುಲೈಮಾನ್ ಹೆಸರಿನಲ್ಲಿರುವ ಬರಹ ಬಲ್ಹರನನ್ನು ಲೋಕದ ನಾಲ್ಕು ದೊಡ್ಡ ದೊರೆಗಳ ಸಾಲಿನಲ್ಲಿ ಇಡುತ್ತದೆ. ಅವನು ಅರಬರಂತೆ ತನ್ನ ಸೈನಿಕರಿಗೆ ಸರಿಯಾಗಿ ಸಂಬಳ ಕೊಡುತ್ತಾನೆ ಎಂದೂ ಹೇಳುತ್ತದೆ. ಅದನ್ನು ಹೊರಗಿನವನೊಬ್ಬ ಬರೆದಿಡುವಷ್ಟು ವಿಶೇಷವೆಂದು ಕಂಡಿತು ಅಂದರೆ, ಸಂಬಳದ ಸೈನ್ಯ ಎಲ್ಲ ಕಡೆ ಇರಲಿಲ್ಲ ಎಂದು ತಿಳಿಯಬಹುದು.

ಉಳಿದ ಭಾಗ ಸಾಮಂತರದು. ರಾಜ ಒಬ್ಬನಿಗೆ ನಾಡು ಬಿಟ್ಟುಕೊಡುತ್ತಾನೆ, ಅವನು ಕರೆ ಬಂದಾಗ ತನ್ನ ಜನ, ಕುದುರೆ, ಆನೆಯೊಂದಿಗೆ ಬರಬೇಕು. ಇದನ್ನು ಕಣ್ಣಿಗೆ ಕಟ್ಟುವಂತೆ ತೋರಿಸುವುದು 949ರ ತಕ್ಕೋಲಂ ಯುದ್ಧ. ಮಳಖೇಡದ ಮೂರನೆಯ ಕೃಷ್ಣ ಚೋಳರ ಮೇಲೆ ಹೋದಾಗ ಅವನ ಜೊತೆ ಗಂಗರ ಇಮ್ಮಡಿ ಬೂತುಗನಿದ್ದ. ಸಾಮಂತ, ಜೊತೆಗೆ ಕೃಷ್ಣನ ಅಕ್ಕ ರೇವಕನಿಮ್ಮಡಿಯ ಗಂಡ. ಈಗಿನ ತಮಿಳುನಾಡಿನ ಅರಕ್ಕೋಣಂ ಬಳಿಯ ತಕ್ಕೋಲಂ, ಮಳಖೇಡದಿಂದ ನೇರ ಗೆರೆ ಎಳೆದರೂ 500 ಕಿ.ಮೀ.ಗೂ ಹೆಚ್ಚು ದೂರ. ದಿನಕ್ಕೆ 15 ಕಿ.ಮೀ. ನಡೆದರೆ ಒಂದು ತಿಂಗಳ ಮೇಲಿನ ದಾರಿ. ಅಲ್ಲಿ ಚೋಳ ಯುವರಾಜ ರಾಜಾದಿತ್ಯ ತನ್ನ ಆನೆಯ ಮೇಲೆಯೇ ಸತ್ತ. ಕೊಂದವನು ಬೂತುಗ ಎಂದು ಮಂಡ್ಯ ಜಿಲ್ಲೆಯ ಆತಕೂರಿನ ಶಾಸನ ಹೇಳುತ್ತದೆ. ಸೋತ ಚೋಳರ ತಾಮ್ರಪಟವೂ ಅವನು ಆನೆಯ ಮೇಲೆ ಸತ್ತನೆಂದು ಒಪ್ಪಿಕೊಳ್ಳುತ್ತದೆ. ಎದುರಾಳಿಗಳಿಬ್ಬರೂ ಒಂದೇ ಮಾತು ಹೇಳಿದರೆ ಅದನ್ನು ನಂಬಲು ಗಟ್ಟಿ ಕಾರಣವಿದೆ. ಹಳೆಯದನ್ನು ಪರೀಕ್ಷಿಸುವಾಗ ನಾವು ಮೊದಲು ಹುಡುಕುವುದು ಇದನ್ನೇ.

ಬೂತುಗನಿಗೆ ಸಿಕ್ಕಿದ್ದೇನು? ಬನವಾಸಿ 12000, ಬೆಳ್ವೊಲ 300, ಪುರಿಗೆರೆ 300, ಕಿಸುಕಾಡು 70, ಬಾಗೆನಾಡು 70. ಇವು ನಾಡುಗಳ ಹೆಸರು ಮತ್ತು ಅವುಗಳ ಜೊತೆ ಅಂಟಿಕೊಂಡು ಬಂದ ಸಂಖ್ಯೆಗಳು. ಅಂದರೆ ಯುದ್ಧದ ಬಿಲ್ಲನ್ನು ಭೂಮಿಯಿಂದ ತೀರಿಸಲಾಯಿತು. ಹತ್ತು ವರ್ಷದ ನಂತರ, 959ರ ಕರ್ಹಾಡ ತಾಮ್ರಪಟದಲ್ಲಿ, ಅದೇ ಕೃಷ್ಣ ಇನ್ನೂ ದಕ್ಷಿಣದ ಮೇಲ್ಪಾಡಿಯಲ್ಲಿ ಬೀಡು ಬಿಟ್ಟಿದ್ದಾನೆ. ಏತಕ್ಕೆ ಎಂಬುದನ್ನು ಶಾಸನ ಮುಚ್ಚುಮರೆಯಿಲ್ಲದೆ ಹೇಳುತ್ತದೆ: ಗೆದ್ದ ನಾಡುಗಳನ್ನು ತನ್ನವರಿಗೆ ಹಂಚಲು, ಅಲ್ಲಿನ ಒಡೆಯರಿಂದ ಸಂಪತ್ತು ವಸೂಲಿ ಮಾಡಲು, ದೇವಾಲಯ ಕಟ್ಟಿಸಲು.

ಯುರೋಪಿನಲ್ಲಿ ಇದಕ್ಕೆ ತೀರ ಹತ್ತಿರದ ವ್ಯವಸ್ಥೆ ಇತ್ತು. ಫ್ರಾಂಕರ ದೊರೆ ಶಾರ್ಲಮೇನ್ ನಮ್ಮ ಮೂರನೆಯ ಗೋವಿಂದನ ಸಮಕಾಲೀನ, ಇಬ್ಬರೂ ತೀರಿಕೊಂಡದ್ದು 814ರಲ್ಲಿ. ಶಾರ್ಲಮೇನ್ ಹೊರಡಿಸಿದ ಆಜ್ಞೆಗಳು ಉಳಿದುಬಂದಿವೆ. ಬರುವವನು ಈಟಿ, ಗುರಾಣಿ, ಎರಡು ಹೆದೆಯಿರುವ ಬಿಲ್ಲು, ಹನ್ನೆರಡು ಬಾಣ ತರಬೇಕು. ಒಂದು ಮಠದ ಮುಖ್ಯಸ್ಥನಿಗೆ ಕಳಿಸಿದ ಆಜ್ಞೆಯಲ್ಲಿ ಮೂರು ತಿಂಗಳ ಬುತ್ತಿ ಕಟ್ಟಿಕೊಂಡು ಬರಬೇಕು ಎಂದಿದೆ. ಆಮೇಲಿನ ಶತಮಾನಗಳಲ್ಲಿ ಅಲ್ಲಿ ಭೂಮಿ ಪಡೆದ ಸರದಾರ ವರ್ಷಕ್ಕೆ 40 ದಿನ ರಾಜನಿಗಾಗಿ ಕಾದುವುದು ವಾಡಿಕೆಯಾಯಿತು. 41ನೆಯ ದಿನ ಮುತ್ತಿಗೆ ಅರ್ಧಕ್ಕೇ ಬಿಟ್ಟು ಮನೆಗೆ ಹೋದವರೂ ಇದ್ದರು. ರಾಜ ಎಂದರೆ ಹೇಳಿದ್ದೆಲ್ಲ ನಡೆಯುತ್ತದೆ ಎಂದು ನಾವು ಸಿನಿಮಾ ನೋಡಿ ತಿಳಿದುಕೊಂಡಿದ್ದೇವೆ. ವಾಸ್ತವದಲ್ಲಿ ರಾಜನ ಅರ್ಧ ಕೆಲಸ, ಬಂದವರು ಓಡಿಹೋಗದಂತೆ ನೋಡಿಕೊಳ್ಳುವುದು.

ಆ ನಿಷ್ಠೆಗೆ ಹಳಗನ್ನಡದಲ್ಲಿ ಒಂದು ಸೊಗಸಾದ ಪದವಿದೆ: ಜೋಳವಾಳಿ. ಒಡೆಯನ ಜೋಳ ಉಂಡವನು ಅವನಿಗಾಗಿ ಪ್ರಾಣ ಕೊಡಬೇಕಾದ ಕಟ್ಟು. ಬೇರೆಯವರು ಉಪ್ಪಿನ ಋಣ ಎನ್ನುವುದನ್ನು ಈ ನೆಲ ರೊಟ್ಟಿಯ ಋಣ ಎಂದಿತು.

ಕಲ್ಯಾಣದಲ್ಲಿ ಕೂತು 1129ರ ಸುಮಾರಿಗೆ ‘ಮಾನಸೋಲ್ಲಾಸ’ ಬರೆಸಿದ ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರ ಸೈನ್ಯವನ್ನು ಆರು ಬಗೆಯಾಗಿ ವಿಂಗಡಿಸುತ್ತಾನೆ. ತಲೆಮಾರಿನಿಂದ ಬಂದವರು ಮೌಲ, ಸಂಬಳದವರು ಭೃತ್ಯ, ಸ್ನೇಹಿತ ರಾಜರ ಪಡೆ ಮಿತ್ರ, ವೃತ್ತಿಸಂಘಗಳ ಪಡೆ ಶ್ರೇಣಿ, ಕಾಡಿನ ಜನ ಆಟವಿಕ, ಶತ್ರುವಿನ ಕಡೆಯಿಂದ ಬಂದವರು ಅಮಿತ್ರ. ಇದು ಹಳೆಯ ಅರ್ಥಶಾಸ್ತ್ರದ ಕಾಲದಿಂದ ಬಂದ ವಿಂಗಡಣೆ. ಕೊನೆಯದನ್ನು ಇನ್ನೊಮ್ಮೆ ಓದಿ. ನಿನ್ನೆ ಎದುರು ನಿಂತವನು ಇಂದು ನಮ್ಮ ಕಡೆ ನಿಲ್ಲಬಹುದು ಎಂಬುದು ಪುಸ್ತಕದಲ್ಲಿ ಸೇರಿಸುವಷ್ಟು ಸಾಮಾನ್ಯವಾಗಿತ್ತು.

ಈ ಸೇನಾಧಿಕಾರಿಗಳು ಬರೀ ಕತ್ತಿ ಹಿಡಿದವರಲ್ಲ. ಚಿತ್ತಾಪುರದ ಪಕ್ಕದ ನಾಗಾವಿಗೆ ಹೋಗಿದ್ದೀರಾದರೆ ಅಲ್ಲಿನ ಕಂಬಗಳ ಸಾಲು ನೋಡಿರುತ್ತೀರಿ. 1058ರ ನಾಗಾವಿ ಶಾಸನದ ಪ್ರಕಾರ ಅಲ್ಲಿ ಘಟಿಕಾಸ್ಥಾನ ನಡೆಸಲು ದತ್ತಿ ಬಿಟ್ಟವನು ಚಾಲುಕ್ಯ ತ್ರೈಲೋಕ್ಯಮಲ್ಲನ ದಂಡನಾಯಕ ಮಧುಸೂದನ. ವೇದ ಓದುವ 200 ವಿದ್ಯಾರ್ಥಿಗಳು, ಶಾಸ್ತ್ರ ಓದುವ 50 ಜನ, ಪುಸ್ತಕ ನೋಡಿಕೊಳ್ಳುವ ಆರು ಸರಸ್ವತಿ ಭಂಡಾರಿಗರು. ಯುದ್ಧ ಗೆದ್ದವನ ಹೆಸರಿನಲ್ಲಿ ನಮ್ಮ ಸೀಮೆಯಲ್ಲಿ ಒಂದು ಗ್ರಂಥಾಲಯ ಉಳಿದಿದೆ. ಇದನ್ನು ಯಾರೂ ಫಾರ್ವರ್ಡ್ ಮಾಡುವುದಿಲ್ಲ ಎಂಬುದು ನಮ್ಮ ಸಣ್ಣ ಬೇಸರ.

ಸೂರ್ಯೋದಯ, ಸೂರ್ಯಾಸ್ತ ಮತ್ತು ಎರೆಮಣ್ಣು

ರಾತ್ರಿ ಕಾದಬಾರದು, ಶರಣು ಬಂದವನನ್ನು ಕೊಲ್ಲಬಾರದು ಎಂಬ ಮಾತುಗಳು ಧರ್ಮಶಾಸ್ತ್ರದಲ್ಲಿ, ಮಹಾಭಾರತದಲ್ಲಿ ಇರುವುದು ನಿಜ. ಅದೇ ಮಹಾಭಾರತದಲ್ಲಿ ಅಶ್ವತ್ಥಾಮ ರಾತ್ರಿ ಪಾಳೆಯಕ್ಕೆ ನುಗ್ಗಿ ಮಲಗಿದ್ದವರನ್ನು ಕೊಲ್ಲುತ್ತಾನೆ. ನಿಯಮ ಬರೆದಿದ್ದಾರೆ ಎಂದರೆ ಅದನ್ನು ಮುರಿಯುವವರಿದ್ದರು ಎಂದೇ ಅರ್ಥ. ಶಾಲೆಯ ಗೋಡೆಯ ಮೇಲೆ ‘ಇಲ್ಲಿ ಉಗುಳಬಾರದು’ ಎಂದು ಸುಮ್ಮನೆ ಬರೆಯುವುದಿಲ್ಲ.

ಯುದ್ಧವನ್ನು ನಿಜವಾಗಿ ಕಟ್ಟಿಹಾಕಿದ್ದು ಹವಾಮಾನ. ಮಳೆಗಾಲದಲ್ಲಿ ನಮ್ಮ ಎರೆಹೊಲಕ್ಕೆ ಒಮ್ಮೆ ಕಾಲಿಟ್ಟು ನೋಡಿ, ಮೊಣಕಾಲು ಮಟ್ಟ ಹೂತುಹೋಗುತ್ತದೆ. ಬಂಡಿ, ಆನೆ, ಕುದುರೆ ಎಲ್ಲವೂ ಅಷ್ಟೇ. ಹೊಳೆಗಳು ತುಂಬಿರುತ್ತವೆ. ಆದ್ದರಿಂದ ಮಳೆ ನಿಂತು, ನೆಲ ಗಟ್ಟಿಯಾಗಿ, ಹೊಳೆ ಇಳಿದ ಮೇಲೆ ದಂಡು ಹೊರಡುತ್ತಿತ್ತು. ದಸರೆಯಲ್ಲಿ ಆಯುಧ ಪೂಜೆ, ಮರುದಿನ ಊರ ಗಡಿ ದಾಟಿ ಬನ್ನಿ ತರುವ ಸೀಮೋಲ್ಲಂಘನ, ಇವೆರಡೂ ಆ ಕಾಲದ ದಂಡಯಾತ್ರೆಯ ಗುರುತು. ನಾವು ಬನ್ನಿ ಕೊಟ್ಟು ‘ಬಂಗಾರದಂಗ ಇರೋಣು’ ಎನ್ನುತ್ತೇವೆ. ಆ ಕಾಲದ ಸೈನಿಕ ಬಂಗಾರ ತರಲೆಂದೇ ಗಡಿ ದಾಟುತ್ತಿದ್ದ.

ಇನ್ನು ರೈತನ ವಿಷಯ

ಪಕ್ಕದಲ್ಲಿ ಯುದ್ಧ ನಡೆದರೂ ರೈತ ನೆಮ್ಮದಿಯಿಂದ ಉಳುತ್ತಿದ್ದ ಎಂಬ ಮಾತಿನ ಮೂಲ ಗುರುತಿಸಬಹುದು. ಅದು ಮೆಗಸ್ತನೀಸ್ ಎಂಬ ಗ್ರೀಕ್ ರಾಯಭಾರಿಯದು. ಚಂದ್ರಗುಪ್ತ ಮೌರ್ಯನ ಕಾಲದಲ್ಲಿ, ಅಂದರೆ ಕ್ರಿಸ್ತಪೂರ್ವ 300ರ ಸುಮಾರಿಗೆ, ಪಾಟಲಿಪುತ್ರಕ್ಕೆ ಬಂದಿದ್ದವನು. ಅವನ ಪುಸ್ತಕ ಉಳಿದಿಲ್ಲ, ಬೇರೆ ಗ್ರೀಕರು ಎತ್ತಿ ಬರೆದ ತುಣುಕುಗಳಷ್ಟೇ ಇವೆ. ಅದೇ ತುಣುಕುಗಳಲ್ಲಿ ಚಿನ್ನ ಅಗೆಯುವ ಇರುವೆಗಳೂ, ಬಾಯಿಯೇ ಇಲ್ಲದ ಮನುಷ್ಯರೂ ಬರುತ್ತಾರೆ. ಅವನು ಕಂಡದ್ದು ಮಳಖೇಡದ ದೊರೆಗಳಿಗಿಂತ ಸಾವಿರ ವರ್ಷ ಹಿಂದಿನ, ಸಾವಿರ ಕಿ.ಮೀ. ಆಚೆಯ ನಾಡು.

ನಮ್ಮ ನಾಡಿನ ರೈತನಿಗೆ ಏನಾಯಿತು ಎಂಬುದಕ್ಕೆ ನಮ್ಮ ಕಲ್ಲುಗಳೇ ಸಾಕ್ಷಿ. ಕರ್ನಾಟಕದ ಸಾವಿರಾರು ಊರುಗಳಲ್ಲಿ ವೀರಗಲ್ಲುಗಳಿವೆ. ದೊಡ್ಡ ರಾಜರ ದೊಡ್ಡ ಯುದ್ಧದಲ್ಲಿ ಸತ್ತವರಿಗಷ್ಟೇ ಅವನ್ನು ನಿಲ್ಲಿಸಲಿಲ್ಲ. ಓದುತ್ತ ಹೋದರೆ ಮೂರು ಪದ ಮತ್ತೆ ಮತ್ತೆ ಸಿಗುತ್ತವೆ. ತುರುಗೊಳ್, ಅಂದರೆ ದನ ಹೊಡೆದುಕೊಂಡು ಹೋಗುವುದು. ಊರಳಿವು, ಅಂದರೆ ಊರು ನಾಶ. ಪೆಣ್ಬುಯ್ಯಲ್, ಅಂದರೆ ಹೆಣ್ಣುಮಕ್ಕಳ ಮೇಲೆ ಕೈ ಬಿದ್ದಾಗಿನ ಕೂಗು. ಇವುಗಳನ್ನು ತಡೆಯಲು ಹೋಗಿ ಸತ್ತವನಿಗೆ ಊರವರು ಕಲ್ಲು ನಿಲ್ಲಿಸಿದರು. ಈ ಮೂರೂ ಅಚ್ಚಗನ್ನಡದ ಪದಗಳು. ಬಹಮನಿಗಳಿಗಿಂತ ಶತಮಾನಗಳ ಮೊದಲೇ ಇವುಗಳಿಗೆ ಹೆಸರು ಇತ್ತು ಅಂದರೆ, ಆ ಕೃತ್ಯಗಳೂ ಇದ್ದವು.

ದೊಡ್ಡ ಮಟ್ಟದಲ್ಲಿ ನೋಡಿ. ಮಳಖೇಡವನ್ನು ಸೂರೆ ಮಾಡಿದವರು ಯಾರು? 972ರಲ್ಲಿ ಮಾಳವದ ಪರಮಾರ ದೊರೆ ಸೀಯಕ. ಆಗ ಮಳಖೇಡದಲ್ಲಿ ಖೊಟ್ಟಿಗನ ಆಳ್ವಿಕೆ. ಮಾಳವದವರು ಮಾನ್ಯಖೇಟವನ್ನು ಲೂಟಿ ಮಾಡಿದ ವರ್ಷವೆಂದೇ ಧನಪಾಲ ಎಂಬ ಕವಿ ತನ್ನ ಪ್ರಾಕೃತ ನಿಘಂಟಿನ ಕಾಲವನ್ನು ಗುರುತಿಸುತ್ತಾನೆ. ಅದೇ ಊರಿನಲ್ಲಿ ಆಶ್ರಯ ಪಡೆದಿದ್ದ ಅಪಭ್ರಂಶ ಕವಿ ಪುಷ್ಪದಂತ, ಊರು ಸುಟ್ಟುಹೋಯಿತು, ಇನ್ನು ನಾನು ಎಲ್ಲಿಗೆ ಹೋಗಲಿ ಎಂಬ ಅರ್ಥದ ಮಾತು ಬರೆದಿಟ್ಟಿದ್ದಾನೆ. ಲೂಟಿ ಮಾಡಿದವನು, ಲೂಟಿಯಾದವನು ಇಬ್ಬರೂ ಹಿಂದೂ ದೊರೆಗಳು, ಅಳುತ್ತಿರುವವನು ಜೈನ ಕವಿ. ಮರುವರ್ಷವೇ ಸಾಮಂತ ತೈಲಪ ಎದ್ದು ನಿಂತ, ರಾಷ್ಟ್ರಕೂಟರ ಕಥೆ ಮುಗಿಯಿತು.

ಮತ್ತೆ 1007ರ ಹೊಟ್ಟೂರು ಶಾಸನ. ಚೋಳರ ದಂಡು ಬಿಜಾಪುರ ಸೀಮೆಯ ದೋಣೂರಿನವರೆಗೆ ಬಂದು ನಾಡೆಲ್ಲ ಸೂರೆ ಮಾಡಿತು, ಹೆಂಗಸರು, ಮಕ್ಕಳು, ಬ್ರಾಹ್ಮಣರನ್ನು ಕೊಂದಿತು, ಹೆಣ್ಣುಮಕ್ಕಳನ್ನು ಹಿಡಿದು ಜಾತಿಗೆಡಿಸಿತು ಎಂದು ಅದು ಹೇಳುತ್ತದೆ. ಇದು ಶತ್ರುವಿನ ಮೇಲಿನ ದೂರು. ಉಬ್ಬಿಸಿ ಹೇಳಿರುವ ಸಾಧ್ಯತೆ ಇದ್ದೇ ಇದೆ, ಅದೇ ಶಾಸನದ 9 ಲಕ್ಷವನ್ನು ನಾವು ಆಗಲೇ ನೋಡಿದ್ದೇವೆ. ಆದರೆ ಆ ವರ್ಷಗಳಲ್ಲಿ ಚೋಳರು ಬಂದದ್ದಂತೂ ನಿಜ. ಚಾಲುಕ್ಯ ಸತ್ಯಾಶ್ರಯನನ್ನು, ಅಂದರೆ ನಮ್ಮ ರನ್ನ ಕವಿ ಭೀಮನಿಗೆ ಹೋಲಿಸಿ ಬರೆದ ಅದೇ ದೊರೆಯನ್ನು, ಗೆದ್ದು ಬಂದ ಮೇಲೆ ದೇವರಿಗೆ ಚಿನ್ನದ ಹೂ ಅರ್ಪಿಸಿದ್ದನ್ನು ರಾಜರಾಜ ಚೋಳ ತಂಜಾವೂರಿನ ದೊಡ್ಡ ದೇವಾಲಯದ ಗೋಡೆಯಲ್ಲಿ ಬರೆಸಿದ್ದಾನೆ.

ಯುರೋಪಿನಲ್ಲೂ ಬಯಲಿನ ಮಹಾಯುದ್ಧಗಳು ಅಪರೂಪ. ಹೆಚ್ಚಿನ ದಿನಗಳು ಕಳೆಯುತ್ತಿದ್ದುದು ಹಳ್ಳಿ ಸುಡುವುದರಲ್ಲಿ, ದನ ಹೊಡೆಯುವುದರಲ್ಲಿ, ಕೋಟೆಗೆ ಮುತ್ತಿಗೆ ಹಾಕಿ ಕಾಯುವುದರಲ್ಲಿ. ಇಂಗ್ಲೆಂಡಿನ ಸೈನ್ಯಗಳು 14ನೇ ಶತಮಾನದ ಫ್ರಾನ್ಸಿನಲ್ಲಿ ಇದನ್ನು ಯೋಜನೆ ಹಾಕಿಯೇ ಮಾಡಿದವು. ರೈತನ ಬೆಳೆ ಸುಟ್ಟರೆ ಅವನ ಒಡೆಯನಿಗೆ ತೆರಿಗೆ ಬರುವುದಿಲ್ಲ, ತೆರಿಗೆ ಬಾರದಿದ್ದರೆ ಅವನು ಸೈನ್ಯ ಕಟ್ಟಲಾರ. ರೈತನನ್ನು ಹೊಡೆಯುವುದು ಕ್ರೌರ್ಯದ ಜೊತೆಗೆ ಲೆಕ್ಕಾಚಾರವೂ ಆಗಿತ್ತು.

ಬಹಮನಿಗಳು ಬಂದ ಮೇಲೆ ಏನು ಬದಲಾಯಿತು

1347ರಲ್ಲಿ ಅಲಾವುದ್ದೀನ್ ಹಸನ್ ಬಹಮನ್ ಷಾ ಕಲಬುರಗಿಯನ್ನು ರಾಜಧಾನಿ ಮಾಡಿಕೊಂಡ. ಬದಲಾವಣೆಗಳು ಆದವು. ಕುದುರೆ ಸವಾರರ ಪಾತ್ರ ದೊಡ್ಡದಾಯಿತು. ಒಳ್ಳೆಯ ಕುದುರೆ ಅರಬ್ ದೇಶಗಳಿಂದ ಹಡಗಿನಲ್ಲಿ ಬರಬೇಕು, ಆದ್ದರಿಂದ ದಾಭೋಳ, ಗೋವೆಯಂಥ ಬಂದರುಗಳಿಗಾಗಿಯೇ ಯುದ್ಧಗಳಾದವು. ವಿಜಯನಗರದೊಂದಿಗಿನ ಜಗಳದ ಬೇರು ಕೃಷ್ಣಾ ತುಂಗಭದ್ರಾ ನಡುವಿನ ರಾಯಚೂರು ದೋಆಬ್, ಅದರ ಫಲವತ್ತಾದ ನೆಲ ಮತ್ತು ಕೋಟೆಗಳು.

ಸೈನ್ಯ ಕಟ್ಟುವ ಮೂಲಸೂತ್ರ ಮಾತ್ರ ಬದಲಾಗಲಿಲ್ಲ. ಸಾಮಂತನ ಜಾಗದಲ್ಲಿ ತರಫ್‌ದಾರ ಬಂದ. ರಾಜ್ಯವನ್ನು ಕಲಬುರಗಿ, ದೌಲತಾಬಾದ್, ಬೇರಾರ, ಬೀದರ್ ಎಂದು ನಾಲ್ಕು ತರಫ್‌ಗಳಾಗಿ ಹಂಚಲಾಯಿತು. ನೂರು ವರ್ಷದಲ್ಲಿ ಅದೇ ಹಳೆಯ ತಲೆನೋವು: ತರಫ್‌ದಾರರು ತಾವೇ ರಾಜರಂತಾದರು. ಮಂತ್ರಿ ಮಹಮೂದ್ ಗವಾನ್ ನಾಲ್ಕನ್ನು ಎಂಟು ಮಾಡಿದ, ಒಬ್ಬ ತರಫ್‌ದಾರನ ಕೈಯಲ್ಲಿ ಒಂದೇ ಕೋಟೆ ಬಿಟ್ಟು ಉಳಿದವಕ್ಕೆ ಸುಲ್ತಾನನ ಕಡೆಯಿಂದ ಕಿಲ್ಲೇದಾರರನ್ನು ಕಳಿಸಿದ. ಸಂಬಳ ಪಡೆದಷ್ಟು ಸೈನಿಕರನ್ನು ಇಟ್ಟಿಲ್ಲದಿದ್ದರೆ ಆ ದುಡ್ಡು ವಾಪಸು. ಇಲ್ಲದ ಸೈನಿಕರ ಹೆಸರಿನಲ್ಲಿ ಬಿಲ್ ಎತ್ತುವುದು ಆಗಲೂ ಇತ್ತು ಎಂದಾಯಿತು. 1154ರ ನಂತರ ಇಂಗ್ಲೆಂಡಿನಲ್ಲಿ ಎರಡನೆಯ ಹೆನ್ರಿ, ಸರದಾರರು ಅಪ್ಪಣೆಯಿಲ್ಲದೆ ಕಟ್ಟಿಕೊಂಡ ಕೋಟೆಗಳನ್ನು ಕೆಡವಿಸಿದ್ದು ಇದೇ ಕಾರಣಕ್ಕೆ. ಗವಾನನ ಸುಧಾರಣೆ ಸರದಾರರಿಗೆ ಸೇರಲಿಲ್ಲ. ಸುಳ್ಳು ಪತ್ರ ಸೃಷ್ಟಿಸಿ ಅವನ ಮೇಲೆ ದ್ರೋಹದ ಆರೋಪ ಹೊರಿಸಿದರು, 1481ರಲ್ಲಿ ಸುಲ್ತಾನ ಅವನ ತಲೆ ತೆಗೆಸಿದ. ಹತ್ತೇ ವರ್ಷದಲ್ಲಿ ಬಿಜಾಪುರ, ಅಹಮದ್‌ನಗರ, ಬೇರಾರ ಬೇರೆಯಾದವು. ಪರಿಶೀಲಿಸದೆ ನಂಬಿದ ಒಂದು ನಕಲಿ ಪತ್ರ ಮಾಡಿದ ಕೆಲಸ ಅದು.

ಈಗ ಇನ್ನೊಂದು ಬಗೆಯ ಫಾರ್ವರ್ಡ್. 1366-67ರ ಯುದ್ಧದಲ್ಲಿ ಬಹಮನಿ ಸುಲ್ತಾನ ಮುಹಮ್ಮದ್ ಷಾ 5 ಲಕ್ಷ ಹಿಂದೂಗಳನ್ನು ಕೊಂದ ಎಂಬುದು. ಇದನ್ನು ಬರೆದವನು ಫರಿಷ್ತಾ, ಬಿಜಾಪುರದ ಆದಿಲ್ ಶಾಹಿ ಆಸ್ಥಾನದಲ್ಲಿ, 17ನೇ ಶತಮಾನದ ಆರಂಭದಲ್ಲಿ. ಅಂದರೆ ಘಟನೆ ನಡೆದು 200 ವರ್ಷಗಳಿಗೂ ಹೆಚ್ಚಾದ ಮೇಲೆ. ಅವನು ಅದನ್ನು ಬರೆದದ್ದು ದೂರಾಗಿ ಅಲ್ಲ, ಹೊಗಳಿಕೆಯಾಗಿ. ಚೋಳರ 9 ಲಕ್ಷದ ಪಕ್ಕದಲ್ಲಿ ಇಡಬೇಕಾದ ಸಂಖ್ಯೆ ಇದು. ಆ ಯುದ್ಧದಲ್ಲಿ ಸಾಮಾನ್ಯ ಜನ ದೊಡ್ಡ ಸಂಖ್ಯೆಯಲ್ಲಿ ಸತ್ತರು ಎಂಬುದನ್ನು ಸುಳ್ಳು ಎನ್ನಲು ಕಾರಣವಿಲ್ಲ. ಅದೇ ಫರಿಷ್ತಾ ಮುಂದಿನ ಪುಟದಲ್ಲಿ ಬರೆದದ್ದನ್ನು ಮಾತ್ರ ಯಾರೂ ಫಾರ್ವರ್ಡ್ ಮಾಡುವುದಿಲ್ಲ. ವಿಜಯನಗರದ ರಾಯಭಾರಿಗಳು ನಿರಪರಾಧಿಗಳ ಕೊಲೆಯನ್ನು ಪ್ರಶ್ನಿಸಿದರು, ಇನ್ನು ಮುಂದೆ ಯುದ್ಧದಲ್ಲಿಲ್ಲದ ಜನರನ್ನು, ಸೆರೆ ಸಿಕ್ಕವರನ್ನು ಕೊಲ್ಲಬಾರದು ಎಂದು ಎರಡೂ ಕಡೆ ಒಪ್ಪಂದವಾಯಿತು ಎಂದು ಅವನು ಹೇಳುತ್ತಾನೆ.

ಇದು ಎರಡು ಧರ್ಮಗಳ ಸೈನ್ಯಗಳ ನಡುವಿನ ಯುದ್ಧವೂ ಆಗಿರಲಿಲ್ಲ. ವಿಜಯನಗರದ ಇಮ್ಮಡಿ ದೇವರಾಯ ಮುಸ್ಲಿಂ ಸವಾರರು, ಬಿಲ್ಲುಗಾರರನ್ನು ಕರೆಸಿ ಜಹಗೀರು ಕೊಟ್ಟ. ಇದಕ್ಕೆ ಫರಿಷ್ತಾನ ಮಾತೊಂದೇ ಆಧಾರವಲ್ಲ. ಹಂಪಿಯಲ್ಲಿ ದೇವರಾಯನ ಸೇವೆಯಲ್ಲಿದ್ದ ಅಹಮದ್ ಖಾನ್ ಎಂಬಾತ 1439ರಲ್ಲಿ ಕಟ್ಟಿಸಿದ ಮಸೀದಿ ಇವತ್ತಿಗೂ ನಿಂತಿದೆ. ಅದರ ಶಾಸನ ಕನ್ನಡದಲ್ಲಿದೆ, ಮಸೀದಿಯನ್ನು ‘ಧರ್ಮಸಾಲೆ’ ಎಂದು ಕರೆದಿದೆ. ಜೋಳವಾಳಿಗೆ ಜಾತಿ ಕೇಳುವ ಪದ್ಧತಿ ಇರಲಿಲ್ಲ.

ಬಿಲ್ ಕಟ್ಟಿದವರು ಯಾರು? 1470ರ ಆಸುಪಾಸಿನಲ್ಲಿ ಕುದುರೆ ಮಾರಲೆಂದು ಬೀದರಿಗೆ ಬಂದಿದ್ದ ರಷ್ಯಾದ ವ್ಯಾಪಾರಿ ಅಫನಾಸಿ ನಿಕಿತಿನ್, ಸರದಾರರು ಬೆಳ್ಳಿಯ ಪಲ್ಲಕ್ಕಿಯಲ್ಲಿ ಓಡಾಡುವುದನ್ನೂ, ಹಳ್ಳಿಯ ಜನ ತೀರ ಬಡತನದಲ್ಲಿರುವುದನ್ನೂ ಒಂದೇ ಉಸಿರಿನಲ್ಲಿ ಬರೆದಿದ್ದಾನೆ. ಅವನಿಗೆ ಯಾರ ಪಕ್ಷವೂ ಇರಲಿಲ್ಲ.

ನಿಮ್ಮೂರ ಕಲ್ಲನ್ನು ನೀವೇ ಓದಬಹುದು

ಹನುಮಂತ ದೇವರ ಗುಡಿಯ ಪಕ್ಕ, ಹಳೆಯ ಬಾವಿಯ ಹತ್ತಿರ, ಹೊಲದ ಬದುವಿನಲ್ಲಿ ಕೆತ್ತನೆಯ ಕಲ್ಲಿದ್ದರೆ ಕೆಳಗಿನಿಂದ ಮೇಲೆ ನೋಡಿ. ಕೆಳಗಿನ ಪಟ್ಟಿಕೆಯಲ್ಲಿ ಕಾಳಗ, ನಡುವೆ ಸತ್ತ ವೀರನನ್ನು ಅಪ್ಸರೆಯರು ಒಯ್ಯುವುದು, ಮೇಲೆ ಅವನು ಲಿಂಗದ ಅಥವಾ ಜಿನನ ಮುಂದೆ ಕೂತಿರುವುದು. ಕೆಳಗೆ ದನಗಳ ಸಾಲು ಕಂಡರೆ ಅದು ತುರುಗೊಳ್. ಪಟ್ಟಿಕೆಗಳ ನಡುವಿನ ಅಂಚಿನಲ್ಲಿ ಅಕ್ಷರಗಳಿದ್ದರೆ ಓರೆ ಬೆಳಕಿನಲ್ಲಿ, ಬೆಳಿಗ್ಗೆ ಅಥವಾ ಸಂಜೆ, ಫೋಟೊ ತೆಗೆಯಿರಿ. ಸುಣ್ಣ, ಎಣ್ಣೆ, ಪೇಂಟ್ ಹಚ್ಚಬೇಡಿ, ಅಕ್ಷರ ಮುಚ್ಚಿಹೋಗುತ್ತದೆ. ಫೋಟೊವನ್ನು ಪುರಾತತ್ವ ಇಲಾಖೆಗೋ ಹತ್ತಿರದ ಕಾಲೇಜಿನ ಇತಿಹಾಸದ ಮೇಷ್ಟ್ರಿಗೋ ತೋರಿಸಿ.

ಮೇಲೆ ಹೇಳಿದ ಆತಕೂರಿನ ಕಲ್ಲು ಈಗ ಬೆಂಗಳೂರಿನ ಸರ್ಕಾರಿ ವಸ್ತುಸಂಗ್ರಹಾಲಯದಲ್ಲಿದೆ. ರಾಜಾದಿತ್ಯನ ಸಾವು, ಬೂತುಗನಿಗೆ ಸಿಕ್ಕ ನಾಡುಗಳು ಎಲ್ಲ ಅದರಲ್ಲಿವೆ, ಆದರೆ ಕಲ್ಲನ್ನು ನಿಲ್ಲಿಸಿದ್ದು ಅವರಿಗಾಗಿ ಅಲ್ಲ. ತಕ್ಕೋಲಂನಲ್ಲಿ ಚೆನ್ನಾಗಿ ಕಾದಿದ ಮಣಲೆರ ಎಂಬ ವೀರನಿಗೆ ಮೆಚ್ಚಿದ ಒಡೆಯ ಏನು ಬೇಕು ಕೇಳು ಎಂದಾಗ ಅವನು ಕೇಳಿದ್ದು ‘ಕಾಳಿ’ ಎಂಬ ಬೇಟೆನಾಯಿಯನ್ನು. ಆಮೇಲೆ ಆ ನಾಯಿ ದೊಡ್ಡದೊಂದು ಹಂದಿಯ ಮೇಲೆ ಬಿದ್ದು, ಎರಡೂ ಕಾದಾಡಿ ಸತ್ತವು. ಕಲ್ಲಿನ ಮೇಲಿನ ಚಿತ್ರ ಆ ನಾಯಿ ಮತ್ತು ಹಂದಿಯದು. ಕಲ್ಲಿಗೆ ಪೂಜೆ ಮಾಡದೆ ಉಂಡರೆ ನಾಯಿಯ ಪಾಪ ನಿನಗೆ ಎಂದು ಗುಡಿಯ ಗೊರವನಿಗೆ ಎಚ್ಚರಿಕೆಯನ್ನೂ ಬರೆಸಿದ್ದಾರೆ.